ಆ ಊರ ನೀರು

ನದಿಗಳೆಲ್ಲ ಕೊನೆಗೆ ಸಮುದ್ರ ಸೇರುತ್ತವೆ ಎಂಬ ಮಾತನ್ನು ನಾನು ನೌಕರಿಯ ಉದ್ದಕ್ಕೂ ಮಕ್ಕಳಿಗೆ ಹೇಳಿಕೊಟ್ಟಿದ್ದೇನೆ. ಪುಸ್ತಕದಲ್ಲಿ ಅದೊಂದು ಸಾಲು, ಅದರ ಕೆಳಗೆ ಒಂದು ಪ್ರಶ್ನೆ, ಅದಕ್ಕೊಂದು ಉತ್ತರ. ಅಷ್ಟಕ್ಕೆ ನನ್ನ ತಕರಾರಿಲ್ಲ. ಆದರೆ ಅದೇ ಮಾತನ್ನು ಯಾರಾದರೂ ವೇದಿಕೆಯ ಮೇಲೆ ನಿಂತು, ಅರ್ಧ ಕಣ್ಣು ಮುಚ್ಚಿ, ಬಾಳಿನ ದೊಡ್ಡ ಸಮಾಧಾನವೆಂಬಂತೆ ಹೇಳಿದರೆ ನನಗೆ ಮೈ ಉರಿಯುತ್ತದೆ. ಯಾವ ನೀರು, ಎಲ್ಲಿ ಸೇರುತ್ತದೆ, ಯಾರ ಊರಿನ ಮೇಲೆ, ಯಾರ ಊರಿನ ಕೆಳಗೆ, ಅದನ್ನು ಹೇಳಿ ಎಂದು ಎದ್ದು ನಿಂತು ಕೇಳಬೇಕೆನಿಸುತ್ತದೆ. ಕೇಳಿಲ್ಲ. ಎದ್ದು ಹೊರಗೆ ಬಂದಿದ್ದೇನೆ, ಅಷ್ಟೆ.

ನಮ್ಮೂರು ಜೇವರ್ಗಿ ತಾಲೂಕಿನಲ್ಲಿ ಭೀಮಾ ಹೊಳೆಯ ದಂಡೆಗಿದೆ. ನೆಲೋಗಿಯಲ್ಲಿ ಬಸ್ಸಿಳಿದು ಎರೆಹೊಲಗಳ ನಡುವೆ ನಡೆಯಬೇಕು. ಮಳೆಗಾಲದಲ್ಲಾದರೆ ಚಪ್ಪಲಿ ಕೈಯಲ್ಲಿ ಹಿಡಿದು ನಡೆಯಬೇಕು. ನಾನು ಹುಟ್ಟಿ ಬೆಳೆದ ಕಾಲಕ್ಕೆ ಇಡೀ ಊರು ಕುಡಿಯುತ್ತಿದ್ದುದು ಹೊಳೆಯ ನೀರನ್ನೇ. ಮಳೆಗಾಲದ ಕೆಂಪು ನೀರನ್ನು ಹಂಡೆಯಲ್ಲಿ ತಿಳಿಯಾಗಲು ಬಿಡುವುದು, ಬೇಸಿಗೆಯಲ್ಲಿ ಉಸುಕಿನೊಳಗೆ ಗುಂಡಿ ತೋಡಿ ಬಟ್ಟಲಿನಿಂದ ಮೊಗೆಯುವುದು. ಇದೆಲ್ಲ ಹೆಂಗಸರ ಕೆಲಸ. ಹೊಳೆಯನ್ನು ತಾಯಿ ಎಂದು ಕೈ ಮುಗಿಯುವ ಗಂಡಸರು ಆ ತಾಯಿಯ ನೀರನ್ನು ಒಂದು ಕೊಡವೂ ಹೊತ್ತವರಲ್ಲ.

ಅವ್ವನ ತವರು ಆಳಂದ ತಾಲೂಕಿನಲ್ಲಿತ್ತು. ಆಳಂದ ದಾಟಿ ಮೂಡಣ ದಿಕ್ಕಿಗೆ ಹೋದರೆ ಒಂದು ಉದ್ದನೆಯ ದಿನ್ನೆ, ಆ ದಿನ್ನೆಯ ನೆತ್ತಿಯ ಮೇಲೆ ಊರು. ಅವ್ವ ಹೇಳುತ್ತಿದ್ದ ಪ್ರಕಾರ ಅವರ ಮನೆಯ ಹಿತ್ತಲಿನಿಂದ ಇಳಿದರೆ ಒಂದು ಹಳ್ಳ. ಮಳೆಯಾದಾಗ ಮೈತುಂಬ ಹರಿದು ದಸರೆಯ ಹೊತ್ತಿಗೆ ಬತ್ತುವ ಹಳ್ಳ. ಆ ನೀರಿಗೆ ಬೇರೆಯದೇ ರುಚಿಯಿತ್ತು, ಅದರಲ್ಲಿ ಬೇಳೆ ಇಟ್ಟರೆ ಒಂದೇ ಕುದಿಗೆ ಕರಗುತ್ತಿತ್ತು ಎಂದು ಅವ್ವ ನೂರು ಸಲ ಹೇಳಿರಬೇಕು. ನಾನು ಆ ನೀರನ್ನು ಕುಡಿದ ನೆನಪಿಲ್ಲ. ಎದೆಹಾಲು ಬಿಟ್ಟ ಹೊಸತರಲ್ಲಿ ಒಂದೆರಡು ಸಲ ಕುಡಿದಿದ್ದೆನಂತೆ. ಆಮೇಲೆ ಆ ದಾರಿ ಮುಚ್ಚಿತು.

ಮುಚ್ಚಿದ್ದು ನಮ್ಮ ಮುತ್ಯಾ, ಅಂದರೆ ಅಪ್ಪನ ಅಪ್ಪ. ನನ್ನ ಸೋದರಮಾವನ ಮದುವೆಗೆ ನಮ್ಮ ಮನೆಯವರೆಲ್ಲ ಅವ್ವನ ತವರಿಗೆ ಹೋಗಿದ್ದರು. ಹೆಣ್ಣಿನ ಕಡೆಯವರು ಸರಸಂಬಾದವರು, ಉಳ್ಳವರು. ಪಂಕ್ತಿಯಲ್ಲಿ ಕೂತಾಗ ಮುತ್ಯಾನ ಗಂಟಲಿಗೆ ಹೋಳಿಗೆಯ ತುಂಡು ಸಿಕ್ಕಿಕೊಂಡಿತು. ನೀರು ಕೇಳಿದ. ನೀರು ಬಡಿಸುವ ಹುಡುಗ ಸರಸಂಬಾದ ಬೀಗರ ಸಾಲಿಗೆ ಓಡಿದ. ಮುತ್ಯಾ ಮತ್ತೆ ಕೇಳಿದ, ಕೆಮ್ಮಿದ, ಕಣ್ಣಲ್ಲಿ ನೀರು ಬಂತು. ಯಾರೋ ಕೊನೆಗೆ ತಂಬಿಗೆ ತಂದಿಟ್ಟಾಗ ಅವನು ಅದನ್ನು ಕಾಲಿನಿಂದ ಒದ್ದು, ಎಂಜಲು ಕೈಯಲ್ಲೇ ಎದ್ದು ಹೊರಗೆ ಬಂದ. ಮಂಟಪದ ಬಾಗಿಲಲ್ಲಿ ನಿಂತು ಎಲ್ಲರಿಗೂ ಕೇಳುವಂತೆ ಆಣೆ ಮಾಡಿದ.

"ಈ ಊರ ನೀರು ಇನ್ನ ಮ್ಯಾಲ ನಮ್ಮ ಮನಿಯವ್ರ ಯಾರ ಬಾಯಾಗೂ ಬೀಳಬಾರದು. ಯಾರರ ಕುಡದ್ರಂದ್ರ ಅವ್ರು ನನ್ನ ಹೆಣ ದಾಟಿ ಹೋದಂಗ."

ಒಂದು ತಂಬಿಗೆ ನೀರು ತಡವಾದದ್ದಕ್ಕೆ ಇಷ್ಟು. ಗಂಡಸರ ಇಜ್ಜತ್ತು ಎಂಬುದು ಎಷ್ಟು ಸಣ್ಣ ಜಾಗದಲ್ಲಿ ಗೂಡು ಕಟ್ಟುತ್ತದೆ ಎಂದು ನಾನು ಈಗಲೂ ಬೆರಗಾಗುತ್ತೇನೆ. ಆ ಆಣೆಯಲ್ಲಿ ಹೋಗಬೇಡ ಎಂಬ ಮಾತೇ ಇರಲಿಲ್ಲ. ಆದರೆ ತವರಿಗೆ ಹೋದವಳು ನೀರು ಕುಡಿಯದೆ ಇರುವುದು ಹೇಗೆ? ಕುಡಿದರೆ ಗಂಡನ ಮನೆಯ ಹೊಸ್ತಿಲು ತುಳಿಯುವಂತಿಲ್ಲ. ಅಲ್ಲಿಗೆ ಅವ್ವನ ಪಂಚಮಿಯೂ ಮುಗಿಯಿತು, ದೀಪಾವಳಿಯೂ ಮುಗಿಯಿತು. ಮಾವ ಒಮ್ಮೆ ಕೈ ಮುಗಿಯಲೆಂದು ನಮ್ಮೂರಿಗೆ ಬಂದಿದ್ದ. ಅವನನ್ನು ಕಟ್ಟೆಯಿಂದಾಚೆಗೇ ನಿಲ್ಲಿಸಿದರು. ಅವನು ಬಿಸಿಲಲ್ಲಿ ನಿಂತು ನಿಂತು ತಿರುಗಿ ಹೋದ. ಆಮೇಲೆ ಅವನಿಗೂ ಸೊಕ್ಕು ಬಂತು; ಕರೆದರೂ ಬರುವುದಿಲ್ಲ ಎಂದನಂತೆ. ನಡುವೆ ಉಳಿದವರು ಇಬ್ಬರು ಹೆಂಗಸರು, ದಿನ್ನೆಯ ಮೇಲಿನ ಆಯಿ, ಅಂದರೆ ಅವ್ವನ ತಾಯಿ, ಮತ್ತು ಹೊಳೆದಂಡೆಯ ಅವ್ವ.

ಅವ್ವ ಅತ್ತು ಕರೆದು ಮಾಡಿದ್ದನ್ನು ನಾನು ನೋಡಿಲ್ಲ. ಅವಳ ಬಳಿ ಒಂದು ಗುಟ್ಟಿತ್ತು. ಅದನ್ನು ಅವಳು ನನಗೆ ಹೇಳಿದ್ದು ಹೊಳೆಯಲ್ಲಿ ಕೊಡ ತುಂಬುವಾಗ.

"ನೋಡು ಬೇ, ಈ ನೀರಾಗ ನಮ್ಮೂರ ಹಳ್ಳದ ನೀರೂ ಅದ. ನಿಮ್ಮ ಮುತ್ಯಾ ದಿನಾ ಗಟಗಟ ಕುಡೀತಾನ. ಆಣಿ ಮುರದು ಎಷ್ಟು ದಿನ ಆತೋ. ಯಾರ ಮುಂದನೂ ಅನಬ್ಯಾಡ."

ಅವಳು ಆ ಲೆಕ್ಕಕ್ಕೆ ಬಂದದ್ದು ಹೀಗೆ. ಚಿಕ್ಕವಳಿದ್ದಾಗ ತಂದೆಯ ಜೊತೆ ಗಾಣಗಾಪುರಕ್ಕೆ ಚಕ್ಕಡಿಯಲ್ಲಿ ಹೋಗಿದ್ದಳು. ಅಲ್ಲಿ ಅಮರ್ಜಾ ನದಿ ಬಂದು ಭೀಮೆಗೆ ಕೂಡುತ್ತದೆ. ಸಂಗಮದಲ್ಲಿ ಸ್ನಾನ ಮಾಡಿಸುತ್ತ ಅವಳ ಅಪ್ಪ, ಇದು ನಮ್ಮ ಆಳಂದದ ನೀರು ಎಂದಿದ್ದ. ಅದು ಸುಳ್ಳಲ್ಲ, ಅಮರ್ಜಾ ಆಳಂದದ ಕಡೆಯಿಂದಲೇ ಬರುತ್ತದೆ. ಗಾಣಗಾಪುರದಿಂದ ಕೆಳಗೆ ಹರಿದ ಭೀಮೆ ನಮ್ಮೂರ ಮುಂದೆ ಹಾಯುತ್ತದೆ. ಆಳಂದದ ನೀರು ಎಂದ ಮೇಲೆ ತನ್ನ ಊರಿನದೂ ಅದರಲ್ಲಿ ಇದ್ದೇ ಇರುತ್ತದೆ ಎಂದು ಅವ್ವ ತಿಳಿದಳು. ನೀರು ತಾಲೂಕಿನ ಗಡಿ ನೋಡಿಕೊಂಡು ಹರಿಯುವುದಿಲ್ಲ ಎಂದು ಅವಳಿಗೆ ಯಾರು ಹೇಳಬೇಕಿತ್ತು? ನಮ್ಮ ಶಾಲೆಯ ಗೋಡೆಯ ನಕಾಶೆಯಲ್ಲಿ ಭೀಮಾ ಒಂದು ನೀಲಿ ಗೆರೆಯಾಗಿತ್ತು. ಹಳ್ಳಗಳಿಗೆ ಅದರಲ್ಲಿ ಜಾಗವಿರಲಿಲ್ಲ. ನಾನೂ ಅವ್ವನ ಮಾತನ್ನೇ ನಂಬಿದೆ.

ನಂಬಿದ ಮೇಲೆ ಊಟದ ಹೊತ್ತು ನಮ್ಮಿಬ್ಬರಿಗೂ ಒಂದು ಮೋಜಾಯಿತು. ಮುತ್ಯಾ ರೊಟ್ಟಿ ಮುರಿದು ತಿಂದು, ತಂಬಿಗೆ ಎತ್ತಿ ಬಾಯಿಗೆ ಮೇಲಿನಿಂದ ನೀರು ಸುರಿದುಕೊಳ್ಳುತ್ತಿದ್ದ. ಗಂಟಲಿನ ಗಂಟು ಮೇಲೆ ಕೆಳಗೆ ಆಡುತ್ತಿತ್ತು. ಅವ್ವ ಸೆರಗಿನೊಳಗಿಂದ ನನ್ನನ್ನು ನೋಡುತ್ತಿದ್ದಳು. ಅಪ್ಪ ಕುಡಿಯುವಾಗಲೂ ಹಾಗೇ. ಅವ್ವ ಆ ಮನೆಯಲ್ಲಿ ಅಷ್ಟು ವರ್ಷ ಬಾಳುವೆ ಮಾಡಿದ್ದು ಆ ಒಂದು ನೋಟದ ಬಲದ ಮೇಲೆ.

ವರ್ಷಕ್ಕೊಮ್ಮೆ, ಸುಗ್ಗಿ ಮುಗಿದ ಮೇಲೆ, ಆಳಂದದಿಂದ ಕಲಾಯಿ ಮಾಡುವ ಚಾಚಾ ಬರುತ್ತಿದ್ದ. ತಿದಿ, ಇದ್ದಿಲು, ತವರದ ತುಂಡು ಹೊತ್ತುಕೊಂಡು ಊರೂರು ತಿರುಗುವವನು. ಅವ್ವನ ತವರಿನಲ್ಲೂ ಪಾತ್ರೆಗಳಿಗೆ ಕಲಾಯಿ ಹಾಕಿ ಬಂದಿರುತ್ತಿದ್ದ. ಮುತ್ಯಾ ಹೊಲಕ್ಕೆ ಹೋದಾಗ ಅವ್ವ ಒಂದು ಹಳೆಯ ಹರಿವಾಣ ಹಿಡಿದು ಅವನ ಮುಂದೆ ಕೂರುತ್ತಿದ್ದಳು.

"ನಿಮ್ಮವ್ವ ಅರಾಮ ಅದಾಳ ಬೇಟಿ," ಎಂದು ಅವನು ತಿದಿ ಒತ್ತುತ್ತಲೇ ಹೇಳುತ್ತಿದ್ದ. "ಕಣ್ಣು ಸ್ವಲ್ಪ ಮಂದ ಆಗ್ಯಾವ. ಪಂಚಮಿ ದಿನ ಹಳ್ಳಕ್ಕ ಉಡಿ ತುಂಬಿ ಬಿಡ್ತೇನಿ, ನನ್ನ ಮಗಳಿಗಿ ಹೊಳ್ಯಾಗ ತಗೋ ಅನ್ನು, ಅಂತ ಹೇಳ್ಯಾಳ."

ಪಂಚಮಿಗೆ ಮಗಳನ್ನು ಕರೆಸಿ ಉಡಿ ತುಂಬಲಾಗದ ತಾಯಿ ಹಳ್ಳಕ್ಕೆ ಉಡಿ ತುಂಬುತ್ತಿದ್ದಳು. ಒಂದು ಸಣ್ಣ ಬುಟ್ಟಿಯಲ್ಲಿ ಕುಪ್ಪಸದ ಖಣ, ಹಸಿರು ಬಳೆ, ಒಣಕೊಬ್ಬರಿ, ಅರಿಷಿಣದ ಕೊಂಬು. ಹೊಸ ನೀರು ಬಂದ ಹಳ್ಳದಲ್ಲಿ ಅದನ್ನು ತೇಲಿ ಬಿಟ್ಟು ಹಿತ್ತಲಿಗೆ ಮರಳುತ್ತಿದ್ದಳಂತೆ. ಇತ್ತ ಅವ್ವ ಪಂಚಮಿಯಾದ ಮೇಲೆ ದಿನಾಲು ಹೊಳೆಯಲ್ಲಿ ಬೇಕಾದ್ದಕ್ಕಿಂತ ಹೆಚ್ಚು ಹೊತ್ತು ನಿಲ್ಲುತ್ತಿದ್ದಳು. ತೊಳೆದ ಕೊಡವನ್ನೇ ತೊಳೆಯುತ್ತ, ಮೇಲಿನಿಂದ ಬರುವ ಕಸಕಡ್ಡಿಯನ್ನು ನೋಡುತ್ತ. ಉಳಿದ ಹೆಂಗಸರು ಇವಳಿಗೆ ಹೊಳೆ ಹಿಡಿದಿದೆ ಎಂದು ನಗುತ್ತಿದ್ದರು.

ಒಂದು ವರ್ಷ ನಿಜವಾಗಿಯೂ ಬಂತು. ದಂಡೆಯ ಜಾಲಿಕಂಟಿಗೆ ಒಂದು ಹಸಿರು ಖಣ ಸಿಕ್ಕಿಕೊಂಡಿತ್ತು, ಕೆಂಪು ಅಂಚಿನದು. ಅವ್ವ ಎದೆಮಟ್ಟದ ನೀರಿಗೆ ಇಳಿದು ಅದನ್ನು ಬಿಡಿಸಿ ತಂದಳು. ಮುಳ್ಳು ತರಚಿ ಮೊಳಕೈಯಿಂದ ರಕ್ತ ಬರುತ್ತಿದ್ದುದು ಅವಳಿಗೆ ಗೊತ್ತೇ ಇರಲಿಲ್ಲ. ಆಗ ಅವಳು ಬಸುರಿ, ನನ್ನ ತಮ್ಮ ಹೊಟ್ಟೆಯಲ್ಲಿದ್ದ. ಅವನು ಹುಟ್ಟಿದ ಮೇಲೆ ಆ ಖಣದಿಂದಲೇ ಅವನಿಗೆ ಕುಂಚಿಗೆ ಹೊಲಿದಳು. ಕೂಸಿನ ತಲೆಯಿಂದ ಬೆನ್ನವರೆಗೆ ಇಳಿಯುವ ಆ ಕುಂಚಿಗೆ ತವರಿಂದಲೇ ಬರಬೇಕು ಎಂಬುದು ನಮ್ಮ ಕಡೆಯ ರೂಢಿ.

ಹೆಸರಿಡುವ ದಿನ ಮುತ್ಯಾ ಕೂಸನ್ನು ಎತ್ತಿಕೊಂಡವನು ಕುಂಚಿಗೆಯ ಅಂಚನ್ನು ಬೆರಳಲ್ಲಿ ಹಿಡಿದು ನೋಡಿದ.

"ಇದು ಎಲ್ಲಿಂದ ಬಂತು?"

"ತವರಿಂದ ಬಂದದ್ರಿ," ಎಂದಳು ಅವ್ವ.

ಮುತ್ಯಾನಿಗೆ ಹೊಳೆಯ ಖಣದ ಸಂಗತಿ ಊರ ಹೆಂಗಸರ ಬಾಯಿಂದ ಆಗಲೇ ಮುಟ್ಟಿತ್ತು. ಸಿಟ್ಟಿಗೆದ್ದು ಕುಂಚಿಗೆ ಹರಿಯುತ್ತಾನೆ ಎಂದು ನಾನು ಕಂಬ ಹಿಡಿದು ನಿಂತಿದ್ದೆ. ಅವನು ನಕ್ಕ. "ಹೊಳ್ಯಾಗಿಂದ ಬಂತೇನು ತವರು? ಬರಲಿ, ಬರಲಿ," ಎಂದು ಕೆಮ್ಮು ಬರುವವರೆಗೂ ನಕ್ಕ. ಅಪ್ಪನೂ ಮೀಸೆಯೊಳಗೆ ನಕ್ಕ. ಮುದುಕ ಸೋತ, ಸೋತದ್ದನ್ನು ನಗುವಿನಲ್ಲಿ ಮುಚ್ಚುತ್ತಿದ್ದಾನೆ ಎಂದು ಅವ್ವ ಆ ದಿನ ತಿಳಿದಳು. ನಾನೂ ಹಾಗೇ ತಿಳಿದೆ.

ಎಂಬತ್ತರ ದಶಕದ ಮೊದಲಿಗೆ ಮುತ್ಯಾ ತೀರಿಕೊಂಡ. ಇನ್ನಾದರೂ ದಾರಿ ತೆರೆಯುತ್ತದೆ ಎಂದು ನಾನು ಲೆಕ್ಕ ಹಾಕಿದ್ದೆ. ಆದರೆ ಸತ್ತವರ ಮಾತಿಗೆ ಬದುಕಿದ್ದವರ ಮಾತಿಗಿಂತ ಬಿಗಿ ಹೆಚ್ಚು. ಅಪ್ಪನಿಗೆ ತನ್ನದೆಂಬ ಜಿದ್ದು ಏನೂ ಇರಲಿಲ್ಲ. ಮುತ್ಯಾನಿಂದ ಬಂದ ಹೊಲದ ಹಾಗೆ ಆಣೆಯೂ ಅವನ ಪಾಲಿಗೆ ಬಂದಿತ್ತು. ಹೊಲವನ್ನಾದರೂ ಒಂದೊಂದು ವರ್ಷ ಬೀಳು ಬಿಡುತ್ತಿದ್ದ, ಆಣೆಯನ್ನು ಬಿಡಲಿಲ್ಲ.

ಒಂದು ಮಳೆಗಾಲದ ಮೊದಲಲ್ಲಿ ಅವ್ವನ ತವರಿನಿಂದ ಒಬ್ಬ ಆಳು ಬಂದ. ಕಟ್ಟೆಯ ಹೊರಗೇ ನಿಂತು, ಆಯಿ ಹೋಗಿಬಿಟ್ಟಳು, ಮಧ್ಯಾಹ್ನ ಮಣ್ಣು ಎಂದು ಹೇಳಿದ. ನಾನು ನೀರು ತಂದು ಕೊಡಹೋದೆ. "ಬ್ಯಾಡವ್ವ, ನಿಮ್ಮ ನೀರು ನಮಗ ಬ್ಯಾಡ," ಎಂದು ತಿರುಗಿ ನಡೆದ. ಅಲ್ಲಿಯೂ ಆಣೆ ಬೇರು ಬಿಟ್ಟಿತ್ತು ಎಂದು ನನಗೆ ಆಗ ತಿಳಿಯಿತು.

ಅವ್ವ ಒಂದು ಸೀರೆಯನ್ನು ಕೈಚೀಲಕ್ಕೆ ತುರುಕಿಕೊಂಡು ಬಾಗಿಲಿಗೆ ಬಂದಳು. ಅಪ್ಪ ಬಾಗಿಲಲ್ಲಿ ನಿಂತಿದ್ದ. ಅಡ್ಡ ನಿಂತಿರಲಿಲ್ಲ, ಬದಿಗೆ ಸರಿದೇ ನಿಂತಿದ್ದ.

"ಹೋಗೋದಿದ್ರ ಹೋಗು," ಎಂದ. "ಅಲ್ಲಿ ನೀರು ಕುಡದು ಈ ಹೊಸ್ತಲ ಮಾತ್ರ ತುಳೀಬ್ಯಾಡ."

ನೆಲೋಗಿಯಿಂದ ಬಸ್ಸಿತ್ತು. ಕಲಬುರಗಿಗೆ ಹೋಗಿ ಅಲ್ಲಿಂದ ಆಳಂದದ ಬಸ್ಸು ಹಿಡಿದರೆ ತಾಯಿಯ ಮುಖವಾದರೂ ಸಿಗುತ್ತಿತ್ತು. ಒಂದು ದಿನ ನೀರು ಕುಡಿಯದಿದ್ದರೆ ಜೀವ ಹೋಗುತ್ತಿರಲಿಲ್ಲ. ಕುಡಿದು, ಕುಡಿದಿಲ್ಲ ಎಂದು ಸುಳ್ಳು ಹೇಳಿದ್ದರೆ ಕೇಳಲು ಯಾರು ಬರುತ್ತಿದ್ದರು? ನಾನಾಗಿದ್ದರೆ ಹೋಗುತ್ತಿದ್ದೆ ಎಂದು ಇಂದಿಗೂ ಹಲ್ಲು ಕಡಿಯುತ್ತೇನೆ. ಅವ್ವ ಹೋಗಲಿಲ್ಲ. ತಮ್ಮ ಇನ್ನೂ ಚಿಕ್ಕವನು, ನನ್ನ ಮದುವೆಯ ಮಾತು ನಡೆದಿತ್ತು. ಅವಳು ಕೈಚೀಲವನ್ನು ಗೂಟಕ್ಕೆ ಹಾಕಿ ಹೊಳೆಯ ಕಡೆ ನಡೆದಳು. ನಾನು ಹಿಂದೆ ಓಡಿದೆ. ಎಲ್ಲಿ ಹಾರಿಕೊಳ್ಳುತ್ತಾಳೋ ಎಂಬ ಹೆದರಿಕೆಗೆ ಅಪ್ಪನೂ ಬಂದ.

ಅವಳು ಹಾರಿಕೊಳ್ಳಲು ಹೋದದ್ದಲ್ಲ, ಸೂತಕದ ಸ್ನಾನಕ್ಕೆ ಹೋದದ್ದು. ಸೊಂಟಮಟ್ಟದ ಕೆಂಪು ನೀರಿನಲ್ಲಿ ನಿಂತು ಮೂರು ಮುಳುಗು ಹಾಕಿದಳು. ಎದ್ದು ಮುಖದ ಮೇಲಿನ ಕೂದಲು ಸರಿಸಿ, ದಂಡೆಯ ಮೇಲಿದ್ದ ಅಪ್ಪನನ್ನು ನೇರ ನೋಡಿ, ಇಷ್ಟು ವರ್ಷ ಸೆರಗಿನೊಳಗೆ ಇಟ್ಟುಕೊಂಡಿದ್ದನ್ನು ಹೇಳಿಯೇ ಬಿಟ್ಟಳು.

"ಇದು ನಮ್ಮವ್ವನ ಹಳ್ಳದ ನೀರು. ನಿಮ್ಮಪ್ಪ ಸಾಯೋತನಕ ಕುಡದಾನ. ನೀವೂ ಕುಡದೀರಿ, ಇವತ್ತು ಮುಂಜಾನಿನೂ ಕುಡದೀರಿ. ನಿಮ್ಮ ಆಣಿ ಮುರದು ಎಷ್ಟೋ ವರ್ಷ ಆತ್ರಿ. ನಾ ಬಾಯಿ ಬಿಟ್ಟಿದ್ದಿಲ್ಲ, ಅಷ್ಟ."

ಹೆಂಡತಿಗೆ ಆ ಹೊತ್ತಿನಲ್ಲಿ ಆ ಮಾತನ್ನು ಬಿಟ್ಟುಕೊಟ್ಟಿದ್ದರೆ ಅಪ್ಪನದೇನೂ ಹೋಗುತ್ತಿರಲಿಲ್ಲ. ಬಿಟ್ಟುಕೊಡಲಿಲ್ಲ.

"ಯಾವ ಹಳ್ಳದ ನೀರು?" ಎಂದ. "ನಿಮ್ಮೂರ ಹಳ್ಳ ಅಮರ್ಜಾಕ್ಕ ಬರಂಗಿಲ್ಲ. ಅದು ಬೆಣ್ಣೆತೊರಿಗಿ ಹೋಗ್ತದ. ಬೆಣ್ಣೆತೊರಿ ಕಾಗಿಣಾಕ್ಕ ಕೂಡ್ತದ. ಕಾಗಿಣಾ ಶಹಾಬಾದ ದಾಟಿ ಕೆಳಗ ಎಲ್ಲೋ ಹೋಗಿ ಭೀಮಾಕ್ಕ ಬೀಳ್ತದ. ನಮ್ಮೂರು ಮ್ಯಾಲೇ ಉಳೀತದ. ನಮ್ಮಪ್ಪ ದನದ ಸಂತಿಗಿ ಆ ಸೀಮಿ ಎಲ್ಲಾ ತಿರಗಿದಾಂವ. ಗೊತ್ತಿದ್ದೇ ಆಣಿ ಮಾಡಿದ್ದ."

ಅವ್ವ ನೀರಿನಲ್ಲೇ ನಿಂತಿದ್ದಳು. "ನಿಮಗ ಯಾವಾಗ ಗೊತ್ತಾತು?"

"ಮೊದಲಿಂದ ಗೊತ್ತು."

"ಕುಂಚಿಗಿ ಹೊಲಿಯೋ ಮುಂದನೂ?"

"ಹ್ಞಾಂ. ಗಾಣಗಾಪುರದಾಗ ಯಾರೋ ಹೊಳಿಗಿ ಬಿಟ್ಟ ಖಣ ಅದು. ಅಲ್ಲಿಂದ ದಿನಾ ಬರ್ತಾವ."

ಹೊಳೆ ಮುತ್ಯಾನ ಆಣೆಯನ್ನು ಒಂದು ದಿನವೂ ಮುರಿದಿರಲಿಲ್ಲ. ಆಯಿ ಬಿಟ್ಟ ಬುಟ್ಟಿಗಳು ಬಂದಿದ್ದರೂ ನಮ್ಮೂರಿನ ಕೆಳಗೆ, ಬೇರೆ ಜನರ ಮುಂದೆ ಹಾದು ಹೋಗಿದ್ದವು. ಅವ್ವ ಮೇಲಿನ ದಿಕ್ಕಿಗೆ ಮುಖ ಮಾಡಿ ಕಾದಿದ್ದಳು. ಅವಳು ಒಳಗೊಳಗೇ ಗೆದ್ದಿದ್ದೇನೆ ಎಂದುಕೊಂಡು ಬಾಳಿದ ವರ್ಷಗಳಲ್ಲಿ ಮುತ್ಯಾ, ಅಪ್ಪ ಇಬ್ಬರೂ ಅವಳನ್ನು ನೋಡಿ ನಕ್ಕಿದ್ದರು. ಮುತ್ಯಾನ ಆಣೆಯನ್ನು ಬೇಕಾದರೆ ನಾನು ಮಾಫಿ ಮಾಡಿಯೇನು. ಆ ನಗುವಿಗೆ ಮಾಫಿಯಿಲ್ಲ.

ಮರುದಿನ ಅವ್ವ ಕುಂಚಿಗೆಯನ್ನು ಒಲೆಗೆ ಹಾಕಿದಳು. ತಮ್ಮ ಅದನ್ನು ತೊಡುವ ವಯಸ್ಸು ಎಂದೋ ದಾಟಿದ್ದ, ಆದರೂ ಮಡಚಿ ಟ್ರಂಕಿನಲ್ಲಿ ಇಟ್ಟಿದ್ದಳು. ಆಮೇಲೆ ಹೊಳೆಯ ನೀರು ಕುಡಿಯುವುದನ್ನು ಬಿಟ್ಟಳು. ಮನೆಮಂದಿಗೆಲ್ಲ ಹೊಳೆಯಿಂದಲೇ ಹೊತ್ತು ತರುವಳು, ತನಗೆ ಮಾತ್ರ ಊರ ಮುಂದಿನ ಬೋರಿಂಗಿನಿಂದ ಬೇರೆ ಬಿಂದಿಗೆ. ಆ ಬೋರಿಂಗನ್ನು ಸರಕಾರದವರು ಹೊಸದಾಗಿ ಹಾಕಿದ್ದರು. ನೀರು ಉಪ್ಪು, ದನಗಳೂ ಮೂತಿ ತಿರುವುತ್ತಿದ್ದವು. ಅವ್ವ ಅದನ್ನೇ ಕುಡಿದಳು, ವರ್ಷಗಟ್ಟಲೆ. ಅಪ್ಪ ಮೊದಮೊದಲು ಬೈದ, ಆಮೇಲೆ ಹುಕುಂ ಮಾಡಿದ, ಕೊನೆಗೆ ಕೇಳಿಕೊಂಡ.

"ನಮ್ಮೂರ ನೀರಂತೂ ಅಲ್ಲ ಅಂದ್ರಿ," ಎಂದಳು ಅವ್ವ. "ಅಂದ ಮ್ಯಾಲ ಯಾವುದಾದ್ರ ಏನು?"

ನಾನು ಮಾಸ್ತರಿಕೆಯ ತರಬೇತಿ ಮುಗಿಸಿ ನೌಕರಿ ಹಿಡಿದೆ. ಮೊದಲ ರಜೆಯಲ್ಲೇ ಅವ್ವನ ತವರಿಗೆ ಹೋದೆ, ಯಾರಿಗೂ ಹೇಳದೆ. ಅಪ್ಪನ ಮಾತು ಸುಳ್ಳಾಗಿರಲಿ ಎಂಬ ಆಸೆ ನನಗಿತ್ತು. ನಾನು ಹೋದ ದಿನ ಮಳೆ ಸುರಿಯುತ್ತಿತ್ತು. ಮಾವ ನನ್ನನ್ನು ಒಳಗೆ ಕರೆದ, ಆದರೆ ನೀರು ಬೇಕೇ ಎಂದು ಕೇಳಲಿಲ್ಲ. ನಾನಾಗಿ ಕೇಳಿದೆ. ಅವನ ಹೆಂಡತಿ ಬೋರಿಂಗಿನ ನೀರು ತಂದುಕೊಟ್ಟಳು. ಹಳ್ಳದ ನೀರು ಕುಡಿಯುವುದನ್ನು ಅಲ್ಲಿಯೂ ಬಿಟ್ಟಿದ್ದರು.

ಮಾಳಿಗೆಯ ಮೇಲೆ ಹತ್ತಿ ನೋಡಿದೆ. ಮನೆ ದಿನ್ನೆಯ ಬೆನ್ನಿನ ಮೇಲೇ ಕೂತಿತ್ತು. ಮಾಳಿಗೆಯ ಹಿಂದಿನ ಅರ್ಧದ ನೀರು ಹಿತ್ತಲಿಗೆ ಬಿದ್ದು ಹಳ್ಳಕ್ಕೆ ಇಳಿಯುತ್ತಿತ್ತು. ಹಳ್ಳ ಮೂಡಣಕ್ಕೆ, ಬೆಣ್ಣೆತೊರೆಯ ಕಡೆಗೆ. ಅಪ್ಪ ಹೇಳಿದ್ದು ಖರೆಯಿತ್ತು. ಆದರೆ ಮುಂದಿನ ಅರ್ಧದ ನೀರು ಅಂಗಳಕ್ಕೆ ಬಿದ್ದು, ಓಣಿ ಹಿಡಿದು, ಪಡುವಣಕ್ಕೆ ಹರಿಯುತ್ತಿತ್ತು. ಅದು ಎಲ್ಲಿಗೆ ಹೋಗುತ್ತದೆ ಎಂದು ಮಾವನನ್ನು ಕೇಳಿದೆ. ಆ ಮಗ್ಗಲಿನದೆಲ್ಲ ಅಮರ್ಜಾಕ್ಕೆ ಎಂದ. ಜಲಾನಯನ ಪ್ರದೇಶ, ಎರಡು ನದಿಗಳ ನಡುವಿನ ನೀರಿನ ಗಡಿ ಎಂದೆಲ್ಲ ನಾನು ಮಕ್ಕಳಿಗೆ ಉರು ಹೊಡೆಸುತ್ತಿದ್ದೆ. ಆ ಗಡಿ ನನ್ನ ಆಯಿಯ ಮಾಳಿಗೆಯ ನಡುವೆ ಹಾದು ಹೋಗಿತ್ತು. ಆಯಿ ಬುಟ್ಟಿಯನ್ನು ಹಿತ್ತಲಿಗೆ ಒಯ್ಯದೆ ಮುಂಬಾಗಿಲ ಓಣಿಯ ನೀರಿಗೆ ಬಿಟ್ಟಿದ್ದರೆ, ದೇವರು ಮನಸ್ಸು ಮಾಡಿದ್ದರೆ, ಅದು ನಮ್ಮೂರ ಮುಂದೆ ಬರಬಹುದಿತ್ತು.

ಇದೊಂದು ಸಿಹಿಸುದ್ದಿ ಎಂದು ತಿಳಿದು ಓಡೋಡಿ ಬಂದು ಅವ್ವನಿಗೆ ಹೇಳಿದೆ. ಮುಂಬಾಗಿಲ ನೀರು ಬರುತ್ತದೆ, ಆಣೆ ಮುರಿದೇ ಇದೆ, ಮುತ್ಯಾನಿಗೂ ಇದು ಗೊತ್ತಿರಲಿಲ್ಲ ಎಂದೆ. ಅವ್ವ ಜೋಳ ಹಸನು ಮಾಡುತ್ತಿದ್ದವಳು ಮೊರ ನಿಲ್ಲಿಸಲಿಲ್ಲ.

"ಮುಂಬಾಗಲ ನೀರು ಬಂದ್ರ ಬರಲಿ," ಎಂದಳು. "ನಮ್ಮವ್ವ ಹಿತ್ತಲಾಗ ನಿಂತಿದ್ಲು."

ನಾನು ಪುಸ್ತಕದ ಸಾಲನ್ನೇ ಹೇಳಿದೆ. "ಹ್ವಾದ್ರ ಹೋಗಲಿ ಬೇ ಯವ್ವಾ. ಆಕಡಿ ನೀರು, ಈಕಡಿ ನೀರು, ಎಲ್ಲಾ ಮುಂದ ಕೃಷ್ಣಾಕ್ಕ ಕೂಡ್ತಾವ, ಕಡೀಕ ಸಮುದ್ರಕ್ಕ ಹೋಗಿ ಒಂದೇ ಆಗ್ತಾವ."

"ಅಲ್ಲಿ ಕೂಡಿ ಏನ್ ಮಾಡೋದದ?" ಎಂದಳು. "ಅಲ್ಲಿ ಉಪ್ಪಾಗ್ತದ. ಯಾರ ಬಾಯಿಗಾತು?"

ಆ ಸಾಲನ್ನು ನಾನು ಸಮಾಧಾನಕ್ಕೆಂದು ಮತ್ತೆ ಯಾರಿಗೂ ಹೇಳಿಲ್ಲ. ಪರೀಕ್ಷೆಗೆ ಮಾತ್ರ.

ತೊಂಬತ್ತರ ದಶಕದಲ್ಲಿ ನನಗೆ ವರ್ಗವಾಗಿ ಹೊಳೆಯ ಕೆಳಭಾಗದ ಒಂದು ಊರು ಸಿಕ್ಕಿತು. ಅಲ್ಲಿಂದ ಸ್ವಲ್ಪ ಮೇಲೆ ಕಾಗಿಣಾ ಬಂದು ಭೀಮೆಗೆ ಬೀಳುತ್ತದೆ. ಪಾಠದಲ್ಲಿ ಸಂಗಮ ಎಂದರೆ ಏನೋ ದೊಡ್ಡದು. ಅಲ್ಲಿದ್ದುದು ಕಲ್ಲುಬಂಡೆ, ಪರ್ಸಿ ಕಲ್ಲಿನ ಗಣಿಯ ಬಿಳಿ ರಾಡಿ, ಎಮ್ಮೆಗಳು. ಒಂದು ನೀರು ಇನ್ನೊಂದರೊಳಗೆ ಸದ್ದಿಲ್ಲದೆ ಹೋಗುತ್ತಿತ್ತು. ನೋಡಲು ಯಾರೂ ಬರುತ್ತಿರಲಿಲ್ಲ.

ಒಂದು ಬೇಸಿಗೆಯಲ್ಲಿ ಅ‍ಪ್ಪ ಹಾಸಿಗೆ ಹಿಡಿದ. ಕಲಬುರಗಿಯ ದವಾಖಾನೆಯವರು ಮನೆಗೆ ಒಯ್ಯಿರಿ ಎಂದರು. ತಮ್ಮ ನನ್ನನ್ನು ಕರೆಯಲು ಬಂದಾಗ ಅವ್ವನ ಒಂದು ಮಾತನ್ನೂ ತಂದಿದ್ದ: ಬರುವಾಗ ಕಾಗಿಣಾದ ನೀರು ತುಂಬಿಕೊಂಡು ಬಾ. ಭೀಮೆಗೆ ಕೂಡುವ ಮೊದಲೇ ತುಂಬಿಕೋ, ಬೆರಕೆಯಾಗಬಾರದು. ತವರಿನ ಹಳ್ಳ ಆ ಕಾಲಕ್ಕೆ ಬತ್ತಿರುತ್ತದೆ ಎಂದು ಅವಳಿಗೆ ಗೊತ್ತಿತ್ತು. ಅದರ ನೀರು ಎಲ್ಲಾದರೂ ಉಳಿದಿದ್ದರೆ ಕಾಗಿಣಾದಲ್ಲೇ ಉಳಿದಿರಬೇಕು. ನಾನು ಬಂಡೆಗಳ ನಡುವೆ ಇಳಿದು, ತೆಳ್ಳಗೆ ಹರಿಯುತ್ತಿದ್ದ ಜಾಗದಲ್ಲಿ ತಾಮ್ರದ ತಂಬಿಗೆ ತುಂಬಿ, ಬಾಯಿಗೆ ಬಟ್ಟೆ ಕಟ್ಟಿ, ಬಸ್ಸಿನಲ್ಲಿ ತೊಡೆಯ ಮೇಲೆ ಇಟ್ಟುಕೊಂಡು ಬಂದೆ.

ಮನೆಯಲ್ಲಿ ನೆಂಟರು ನೆರೆದಿದ್ದರು. ಗೊಬ್ಬೂರಿಗೆ ಕೊಟ್ಟಿದ್ದ ಅಪ್ಪನ ತಂಗಿ, ನಮ್ಮತ್ತಿ, ಕಾಶಿಯಿಂದ ತಂದ ಗಂಗೆಯ ಗಿಂಡಿಯ ಬೆಸುಗೆ ಒಡೆಯಲು ಅದನ್ನು ಕೈಯಲ್ಲಿ ಹಿಡಿದು ಕೂತಿದ್ದಳು. ಸಾಯುವವರ ಬಾಯಿಗೆ ಕೊನೆಯ ನೀರು ಬಿಡುವುದು ಹೆಂಡತಿ ಮಕ್ಕಳ ಕೆಲಸ. ಅಪ್ಪನಿಗೆ ಮಾತು ನಿಂತಿತ್ತು, ಅರಿವಿತ್ತು. ಮಧ್ಯಾಹ್ನದ ಬೆಳಕು ಬೆಳಕಿಂಡಿಯಿಂದ ನೇರ ಅವನ ಮುಖದ ಮೇಲೆ ಬೀಳುತ್ತಿತ್ತು. ತುಟಿಗಳು ಒಣಗಿ ಸೀಳಿದ್ದವು. ನೀರಿಗಾಗಿ ಬಾಯಿ ತೆರೆದು ತೆರೆದು ಮುಚ್ಚುತ್ತಿದ್ದ.

ಅವ್ವ ಅತ್ತಿಯ ಗಿಂಡಿಯನ್ನು ಬದಿಗೆ ಸರಿಸಿದಳು. ನನ್ನ ತಂಬಿಗೆಯ ಬಟ್ಟೆ ಬಿಚ್ಚಿ, ಚಮಚದಲ್ಲಿ ನೀರು ತೆಗೆದುಕೊಂಡು, ಅಪ್ಪನ ಮುಖದ ಮೇಲೆ ಬಾಗಿದಳು. ಕಳ್ಳತನದಿಂದ ಕುಡಿಸುವುದು ಅವಳಿಗೆ ಬೇಕಿರಲಿಲ್ಲ.

"ಇದು ನಮ್ಮೂರ ನೀರ್ರೀ," ಎಂದಳು. "ಕಾಗಿಣಾದಿಂದ ತರಿಸೀನಿ. ನಮ್ಮವ್ವ ಉಡಿ ಬಿಟ್ಟ ಹಳ್ಳದ್ದು. ಕುಡೀರಿ."

ಅಪ್ಪನ ಕಣ್ಣು ತಂಬಿಗೆಯ ಕಡೆ ಹೋಯಿತು, ನನ್ನ ಕಡೆ ಬಂತು, ಅವ್ವನ ಮೇಲೆ ನಿಂತಿತು. ಆಮೇಲೆ ಅವನು ಬಾಯಿ ಮುಚ್ಚಿದ. ಅದು ಸಾಯುವ ಮೈಯ ಸೆಟೆತ, ಅವನಿಗೆ ಏನೂ ಕೇಳಿಸಿರಲಿಲ್ಲ ಎಂದು ಅತ್ತಿ ಆಮೇಲೆ ಎಲ್ಲರಿಗೂ ಹೇಳಿಕೊಂಡು ತಿರುಗಿದಳು. ನಾನು ತಲೆಯ ಬದಿಗೇ ಕೂತಿದ್ದೆ. ಅವನು ಕೇಳಿದ, ತಿಳಿದ, ತುಟಿ ಬಿಗಿದ. ನೀರು ಗಲ್ಲದ ಮೇಲಿಂದ ಇಳಿದು ದಿಂಬಿಗೆ ಇಂಗಿತು. ಅವ್ವ ಮತ್ತೊಂದು ಚಮಚ ಹಿಡಿದಳು. ತುಟಿ ತೆರೆಯಲಿಲ್ಲ.

"ಸಾಕು ಬಿಡವ್ವ," ಎಂದಳು ಅತ್ತಿ. "ಯಾಕ ಸಂಕಟ ಕೊಡ್ತಿ?"

ಅವ್ವ ಚಮಚವನ್ನು ಕೆಳಗಿಟ್ಟಳು. ತಂಬಿಗೆಯನ್ನು ಎರಡೂ ಕೈಯಲ್ಲಿ ಎತ್ತಿದಳು. ಗಂಡನ ಹಾಸಿಗೆಯ ಬದಿಗೆ, ಅಷ್ಟು ಜನರ ಮುಂದೆ, ಆ ನೀರನ್ನು ತಾನೇ ಕುಡಿದಳು. ಯಾರೂ ತಡೆಯಲಿಲ್ಲ. ತಡೆಯುವವರು ಇನ್ನು ಯಾರೂ ಉಳಿದಿರಲಿಲ್ಲ. ಎಂದೋ ಕುಡಿಯಬಹುದಾಗಿದ್ದ ನೀರು ಅದು.

ಕೊನೆಯ ಗುಟುಕನ್ನು ಅವಳು ನುಂಗದೆ ಬಾಯಲ್ಲಿ ಹಿಡಿದು ಕೂತಳು. ಕಣ್ಣು ಮುಚ್ಚಿದ್ದಳು. ನಾನು ಕಾದೆ. ನುಂಗಿದ ಮೇಲೆ ತಂಬಿಗೆಯನ್ನು ನನ್ನ ಕೈಗೆ ಕೊಟ್ಟಳು.

"ನಮ್ಮೂರದ ಹೌದೋ ಅಲ್ಲೋ, ಗೊತ್ತಾಗವಲ್ದು ಬೇ," ಎಂದಳು. "ರುಚಿ ಮರತೀನಿ."